ಕಾಗದವಿರುವ ಸೆರೆ, ಕಾಗದವಿಲ್ಲದ ಸೆರೆ: ಅಕ್ರಮ ಬಂಧನದ ಪರಿಹಾರ ಕುರಿತು ಒಂದು ಟಿಪ್ಪಣಿ

ಕೊಡಗಿನ ಕುಶಾಲನಗರ ತಾಲೂಕಿನ ಒಬ್ಬ ಆದಿವಾಸಿ ಕೂಲಿಕಾರರು ಹೆಂಡತಿ ಕಾಣೆಯಾಗಿದ್ದಾಳೆಂದು 2020ರಲ್ಲಿ ಪೊಲೀಸರಿಗೆ ದೂರು ಕೊಟ್ಟರು. ಪಿರಿಯಾಪಟ್ಟಣ ತಾಲೂಕಿನ ಬೆಟ್ಟದಪುರ ಠಾಣೆಯ ಸರಹದ್ದಿನಲ್ಲಿ ಒಂದು ಅಸ್ಥಿಪಂಜರ ಸಿಕ್ಕಿತ್ತು. ಅದು ಆಕೆಯದೇ ಎಂದು ತೀರ್ಮಾನಿಸಿ, ದೂರು ಕೊಟ್ಟವರನ್ನೇ ಕೊಲೆ ಆರೋಪದ ಮೇಲೆ ಹಿಡಿದರು. ಡಿಎನ್‌ಎ ವರದಿ ಹೊಂದಲಿಲ್ಲ. ಆದರೂ ವಿಚಾರಣೆ ನಡೆಯಿತು. ಸುಮಾರು ಒಂದೂವರೆ ವರ್ಷ ಜೈಲಿನಲ್ಲಿದ್ದು ಜಾಮೀನಿನ ಮೇಲೆ ಹೊರಬಂದ ಮೇಲೆ 2025ರ ಏಪ್ರಿಲ್‌ನಲ್ಲಿ ಮಡಿಕೇರಿಯ ಹೋಟೆಲೊಂದರಲ್ಲಿ ಹೆಂಡತಿ ಜೀವಂತವಾಗಿ ಪತ್ತೆಯಾದಳು. ಅದೇ ತಿಂಗಳು ಮೈಸೂರಿನ ಐದನೇ ಹೆಚ್ಚುವರಿ ಜಿಲ್ಲಾ ಮತ್ತು ಸೆಷನ್ಸ್ ನ್ಯಾಯಾಲಯ ಅವರನ್ನು ಖುಲಾಸೆ ಮಾಡಿ, ಗೃಹ ಇಲಾಖೆ 1 ಲಕ್ಷ ರೂಪಾಯಿ ಪರಿಹಾರ ಕೊಡಬೇಕೆಂದಿತು.

ಇದರ ಪಕ್ಕದಲ್ಲಿ ಇನ್ನೊಂದು ಆದೇಶವನ್ನಿಟ್ಟು ನೋಡಬೇಕು. ಚಿಕ್ಕೋಡಿ ಕಡೆಯ ಒಬ್ಬ ಕಾನೂನು ವಿದ್ಯಾರ್ಥಿಯನ್ನು ಚೆಕ್ ಬೌನ್ಸ್ ಪ್ರಕರಣದ ವಾರಂಟ್ ಮೇಲೆ ಪೊಲೀಸರು 2019ರಲ್ಲಿ ಹಿಡಿದು, ಜನ ನೋಡುವಂತೆ ಕೈಕೋಳ ಹಾಕಿ ನ್ಯಾಯಾಲಯಕ್ಕೆ ಕರೆದೊಯ್ದರು. ಹೈಕೋರ್ಟಿನ ಧಾರವಾಡ ಪೀಠದಲ್ಲಿ ನ್ಯಾ. ಸೂರಜ್ ಗೋವಿಂದರಾಜ್ ಅವರು 2022ರಲ್ಲಿ ಕೊಡಿಸಿದ್ದು 2 ಲಕ್ಷ. ಅದೇ ವರ್ಷ ಅದೇ ನ್ಯಾಯಮೂರ್ತಿಗಳ ಮುಂದೆ ಇನ್ನೊಂದು ಪ್ರಕರಣ ಬಂತು. ವಾರಂಟ್‌ನಲ್ಲಿದ್ದ ಹೆಸರೇ ಬೇರೆ, ತಂದೆಯ ಹೆಸರು ಮಾತ್ರ ಒಂದೇ. ಅಷ್ಟಕ್ಕೇ ಸಂಬಂಧವಿಲ್ಲದ ಮನುಷ್ಯನನ್ನು ಹಿಡಿದು ತಂದಿದ್ದರು. ಅವರಿಗೆ 5 ಲಕ್ಷ. ಬೆಳ್ತಂಗಡಿ ತಾಲೂಕಿನ ಯುವ ವಕೀಲರೊಬ್ಬರನ್ನು ಅಕ್ರಮವಾಗಿ ಬಂಧಿಸಿ ಹೊಡೆದ ಪ್ರಕರಣದಲ್ಲಿ 2023ರ ಜನವರಿಯಲ್ಲಿ ನ್ಯಾ. ಎಂ. ನಾಗಪ್ರಸನ್ನ ಅವರು ಕೊಡಿಸಿದ್ದು 3 ಲಕ್ಷ. ಕರ್ನಾಟಕದ ಹೊರಗಿನದೊಂದು: ಜಾಮೀನು ಆದೇಶದಲ್ಲಿ ಕಲಮಿನ ಒಂದು ಉಪವಿಭಾಗದ ಸಂಖ್ಯೆ ಬಿಟ್ಟುಹೋಗಿತ್ತೆಂಬ ನೆಪದಿಂದ ಗಾಜಿಯಾಬಾದ್ ಜೈಲಿನಲ್ಲಿ 28 ದಿನ ಹೆಚ್ಚಿಗೆ ಉಳಿದವನಿಗೆ 2025ರ ಜೂನ್‌ನಲ್ಲಿ ಸುಪ್ರೀಂ ಕೋರ್ಟ್ ತಾತ್ಕಾಲಿಕವಾಗಿ 5 ಲಕ್ಷ ಕೊಡಿಸಿತು.

ಭಾಗಾಕಾರ ಮಾಡಿದರೆ ಗಾಜಿಯಾಬಾದಿನ ದಿನವೊಂದಕ್ಕೆ 17,857 ರೂಪಾಯಿ. ಕೊಡಗಿನವರ ದಿನವೊಂದಕ್ಕೆ ಹೆಚ್ಚುಕಡಿಮೆ 183. ಅದೇ ವರ್ಷ ಕರ್ನಾಟಕದಲ್ಲಿ ಉದ್ಯೋಗ ಖಾತರಿಯ ದಿನಗೂಲಿ 370 ರೂಪಾಯಿ ಇತ್ತು.

ಸೆರೆ ಉದ್ದವಾದಷ್ಟೂ ಪರಿಹಾರ ತೆಳ್ಳಗಾಗುತ್ತದೆ ಎಂಬುದು ಈ ಟಿಪ್ಪಣಿಯ ವಾದ. ಇದು ನ್ಯಾಯಾಧೀಶರ ಕೈ ಬಿಗಿಯೆಂಬ ಮಾತಲ್ಲ. ಬಂಧನ ಅಕ್ರಮವೋ ಅಲ್ಲವೋ ಎಂಬುದನ್ನು ನಮ್ಮ ಕಾನೂನು ಕಾಗದ ನೋಡಿ ನಿರ್ಧರಿಸುತ್ತದೆ, ಉದ್ದನೆಯ ಸೆರೆಗೆ ಸಾಮಾನ್ಯವಾಗಿ ಕಾಗದವಿರುತ್ತದೆ.

ಒಂದು ಆಕ್ಷೇಪಕ್ಕೆ ಮೊದಲೇ ಉತ್ತರ ಕೊಡಬೇಕು. ಕೈಕೋಳದ ಪ್ರಕರಣದಲ್ಲಿ ಕೊಡಿಸಿದ್ದು ದಿನಗಳ ಬೆಲೆಯಲ್ಲ, ಮಾನಹಾನಿಯ ಬೆಲೆ. ಅದನ್ನು ದಿನಕ್ಕೆ ಹಂಚುವುದು ತಪ್ಪು ಎನ್ನಬಹುದು. ಒಪ್ಪತಕ್ಕ ಮಾತೇ. ಹೆಂಡತಿಯನ್ನು ಕೊಂದವನೆಂಬ ಹೆಸರು ಹೊತ್ತು ಒಂದೂವರೆ ವರ್ಷ ಒಳಗಿದ್ದು, ಆಮೇಲೂ ಊರಿನಲ್ಲಿ ಅದೇ ಹೆಸರಿನಲ್ಲಿ ಬದುಕುವುದಕ್ಕೆ ಮಾನದ ಲೆಕ್ಕ ಅನ್ವಯಿಸುವುದಿಲ್ಲವೇ ಎಂಬ ಪ್ರಶ್ನೆ ಮಾತ್ರ ಹಾಗೆಯೇ ಉಳಿಯುತ್ತದೆ. ವಿಚಾರಣಾ ನ್ಯಾಯಾಲಯ ಖುಲಾಸೆಯ ಜೊತೆಗೆ ಕೊಡಿಸಿದ ಮೊತ್ತಕ್ಕೂ ಹೈಕೋರ್ಟ್ ರಿಟ್ ಅರ್ಜಿಯಲ್ಲಿ ಕೊಡಿಸುವ ಮೊತ್ತಕ್ಕೂ ಅಧಿಕಾರದ ವ್ಯತ್ಯಾಸವಿದೆ ಎಂಬುದೂ ನಿಜ. ಕೊಡಗಿನವರು ಹೆಚ್ಚಿನ ಪರಿಹಾರಕ್ಕಾಗಿ ಹೈಕೋರ್ಟಿನ ಮೆಟ್ಟಿಲೇರಿದ್ದಾರೆ.

ಈಗ ಕಾಗದದ ವಿಚಾರ. ಕಾಮಾಕ್ಷಿಪಾಳ್ಯದ ಲೇತ್ ಕಾರ್ಖಾನೆಯ ಕೆಲಸಗಾರನೊಬ್ಬನನ್ನು ಶನಿವಾರ ರಾತ್ರಿ ಪಾಳಿ ಮುಗಿಸಿ ಹೊರಟಾಗ ಪೊಲೀಸರು ಕರೆದೊಯ್ದರು ಅಂದುಕೊಳ್ಳೋಣ. ಸಂವಿಧಾನದ 22ನೇ ವಿಧಿಯ ಪ್ರಕಾರ ಪ್ರಯಾಣದ ಹೊತ್ತು ಬಿಟ್ಟು 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸಬೇಕು. ಈ 24 ಗಂಟೆ ಯಾವಾಗ ಶುರುವಾಯಿತೆಂದು ಹೇಳುವುದು ಅರೆಸ್ಟ್ ಮೆಮೊ. ಬಂಧನದ ದಿನಾಂಕ, ವೇಳೆ, ಜಾಗ, ಮನೆಯವರದೋ ಆ ಪ್ರದೇಶದ ಮರ್ಯಾದಸ್ಥರೊಬ್ಬರದೋ ಸಾಕ್ಷಿ ಸಹಿ, ಬಂಧಿತನ ರುಜು. 1996ರ ಡಿಸೆಂಬರ್‌ನಲ್ಲಿ ಡಿ.ಕೆ. ಬಸು ಪ್ರಕರಣದ 11 ಸೂಚನೆಗಳ ಮೂಲಕ ಬಂದು, ಈಗ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 36ನೇ ಕಲಮಿನಲ್ಲಿ ಸೇರಿರುವ ಹಾಳೆ ಇದು. ಅದರಲ್ಲಿ ವೇಳೆಯ ಕಾಲಂ ಎರಡು ಬೆರಳಗಲವೂ ಇರುವುದಿಲ್ಲ. ಶನಿವಾರ ರಾತ್ರಿ ಕರೆತಂದವನ ಮೆಮೊದಲ್ಲಿ ಭಾನುವಾರ ಸಂಜೆಯ ವೇಳೆ ಬಿತ್ತೆಂದರೆ ನಡುವಿನ ಅಷ್ಟೂ ಗಂಟೆಗಳು ‘ವಿಚಾರಣೆಗೆ ಕರೆಸಲಾಗಿತ್ತು’ ಎಂಬುದರೊಳಗೆ ಕರಗಿಹೋಗುತ್ತವೆ. ಕ್ರಿಮಿನಲ್ ವಕೀಲರು ಮತ್ತೆ ಮತ್ತೆ ಹೇಳುವ ದೂರು ಇದು. ಆ ಗಂಟೆಗಳನ್ನು ಸಾಬೀತು ಮಾಡಲು ಸಾಧ್ಯವಾದರೆ ಬಂಧನ ಅಕ್ರಮ, ಪರಿಹಾರಕ್ಕೆ ದಾರಿಯಿದೆ.

ಸೋಮವಾರ ಮ್ಯಾಜಿಸ್ಟ್ರೇಟರು ರಿಮ್ಯಾಂಡ್ ಆದೇಶಕ್ಕೆ ಸಹಿ ಹಾಕಿದರೆಂದರೆ ಲೆಕ್ಕವೇ ಬದಲು. ಅಂದಿನಿಂದ ಅವನನ್ನು ಒಳಗಿಟ್ಟಿರುವುದು ಪೊಲೀಸರಲ್ಲ, ನ್ಯಾಯಾಲಯ. ಅಧಿಕಾರವುಳ್ಳ ನ್ಯಾಯಾಲಯದ ರಿಮ್ಯಾಂಡ್ ಇದ್ದು, ಅದು ಮೇಲ್ನೋಟಕ್ಕೇ ಯಾಂತ್ರಿಕವೋ ಅಧಿಕಾರ ಮೀರಿದ್ದೋ ಆಗಿಲ್ಲದಿದ್ದರೆ ಹೇಬಿಯಸ್ ಕಾರ್ಪಸ್ ನಿಲ್ಲದು ಎಂಬುದು ಬಹುಕಾಲದ ನಿಲುವು; 2012ರ ಮನುಭಾಯಿ ರತಿಲಾಲ್ ಪಟೇಲ್ ತೀರ್ಪು ಅದನ್ನು ಮತ್ತೆ ಹೇಳಿತು. ಆಮೇಲೆ ಹದಿನೈದು ದಿನಕ್ಕೊಮ್ಮೆ ಹಾಳೆ ಬೆಳೆಯುತ್ತದೆ. ಐದು ವರ್ಷ ಕಳೆದು ಖುಲಾಸೆಯಾದರೂ ಆ ಐದು ವರ್ಷದ ಪ್ರತಿ ದಿನಕ್ಕೂ ಒಂದು ಸಹಿಯ ಆಸರೆಯಿದೆ. ಹಾಗಾಗಿ ಅದು ‘ಅಕ್ರಮ’ ಅಲ್ಲ. ದುರದೃಷ್ಟ, ಅಷ್ಟೆ.

ಪರಿಹಾರದ ಪರಂಪರೆ ಶುರುವಾದದ್ದೂ ಕಾಗದವಿಲ್ಲದ ಸೆರೆಯಿಂದಲೇ ಎಂಬುದನ್ನು ಗಮನಿಸಬೇಕು. ಬಿಹಾರದ ರುದುಲ್ ಸಾಹ್ 1968ರ ಜೂನ್ 3ರಂದು ಖುಲಾಸೆಯಾದರು. ಮುಜಫ್ಫರಪುರದ ಜೈಲಿನಿಂದ ಹೊರಬಂದದ್ದು 1982ರ ಅಕ್ಟೋಬರ್ 16ರಂದು. 1983ರ ಆಗಸ್ಟ್ 1ರಂದು ಮುಖ್ಯ ನ್ಯಾಯಮೂರ್ತಿ ವೈ.ವಿ. ಚಂದ್ರಚೂಡ್ ಅವರ ಪೀಠ ರಾಜ್ಯ ಸರ್ಕಾರ ಅದಾಗಲೇ ಕೊಟ್ಟಿದ್ದ 5,000 ರೂಪಾಯಿಯ ಮೇಲೆ 30,000 ಕೊಡಿಸಿತು. 32ನೇ ವಿಧಿಯಡಿ ದುಡ್ಡು ಕೊಡಿಸುವ ಅಧಿಕಾರ ತನಗಿದೆ ಎಂದು ಸುಪ್ರೀಂ ಕೋರ್ಟ್ ಸಾರಿದ್ದು ಆಗ. ಖುಲಾಸೆಯ ನಂತರದ 5,248 ದಿನಗಳಿಗೆ ಹಂಚಿದರೆ ದಿನಕ್ಕೆ 6 ರೂಪಾಯಿ 67 ಪೈಸೆ. ಇದು ತತ್ಕಾಲದ ಸಾಂತ್ವನ, ಪೂರ್ಣ ಪರಿಹಾರಕ್ಕೆ ಸಿವಿಲ್ ದಾವೆ ಹೂಡಬಹುದು ಎಂದು ಪೀಠವೇ ಹೇಳಿತ್ತು. 1985ರಲ್ಲಿ ಜಮ್ಮು ಕಾಶ್ಮೀರದ ಶಾಸಕ ಭೀಮ್ ಸಿಂಗ್ ಅವರನ್ನು ವಿಧಾನಸಭೆಗೆ ಹೋಗದಂತೆ ತಡೆದು ಹಿಡಿದಿಟ್ಟದ್ದಕ್ಕೆ 50,000. ಕೆಲವೇ ದಿನ, ಹೆಚ್ಚು ಮೊತ್ತ. ನಾನು ಹೇಳುವ ವಿಲೋಮ ಅನುಪಾತ ಆರಂಭದ ಈ ಎರಡು ತೀರ್ಪುಗಳಲ್ಲೇ ಕಾಣುತ್ತದೆ.

1993ರ ನೀಲಾಬತಿ ಬೆಹೆರಾ ತೀರ್ಪು ಇನ್ನೂ ಮುಂದೆ ಹೋಯಿತು. ಮೂಲಭೂತ ಹಕ್ಕಿನ ಉಲ್ಲಂಘನೆಗೆ ಸರ್ಕಾರ ‘ನಾನು ಸಾರ್ವಭೌಮ’ ಎಂಬ ರಕ್ಷಣೆ ಪಡೆಯುವಂತಿಲ್ಲ ಎಂದು ಹೇಳಿ, 1964ರ ಕಸ್ತೂರಿ ಲಾಲ್ ತೀರ್ಪಿನ ಅಡ್ಡಿಯನ್ನು ರಿಟ್ ಅರ್ಜಿಗಳ ಮಟ್ಟಿಗೆ ಸರಿಸಿತು.

ಇಲ್ಲಿ ಬೆಂಗಳೂರಿನ ನೆನಪೊಂದನ್ನು ಹೇಳದೆ ಮುಂದೆ ಹೋಗಲಾರೆ. ಸಂಸದೀಯ ಸಮಿತಿಯ ಸಭೆಗೆಂದು ಊರಿಗೆ ಬಂದಿದ್ದ ಅಟಲ್ ಬಿಹಾರಿ ವಾಜಪೇಯಿ, ಎಲ್.ಕೆ. ಆಡ್ವಾಣಿ, ಮಧು ದಂಡವತೆ ಮುಂತಾದವರನ್ನು 1975ರ ಜೂನ್ 26ರಂದು ಇಲ್ಲೇ ಬಂಧಿಸಿ ಸೆಂಟ್ರಲ್ ಜೈಲಿಗೆ ಹಾಕಿದರು. ಇಂದು ಫ್ರೀಡಂ ಪಾರ್ಕ್ ಇರುವ ಜಾಗ ಅದು. ತುರ್ತು ಪರಿಸ್ಥಿತಿಯಲ್ಲಿ ಹಾಗೆ ಬಂಧಿತರಾದವರ ಅರ್ಜಿಗಳನ್ನು ಕೇಳಬಹುದು ಎಂದ ಒಂಬತ್ತು ಹೈಕೋರ್ಟುಗಳಲ್ಲಿ ಕರ್ನಾಟಕದ್ದೂ ಒಂದು. 1976ರ ಏಪ್ರಿಲ್ 28ರಂದು ಎಡಿಎಂ ಜಬಲ್ಪುರ ತೀರ್ಪು ಅದನ್ನೆಲ್ಲ ಅಳಿಸಿಹಾಕಿತು. ಮೂರು ವರ್ಷ ಕಳೆದು, 1979ರ ಏಪ್ರಿಲ್ 10ರಂದು, ನಾಗರಿಕ ಮತ್ತು ರಾಜಕೀಯ ಹಕ್ಕುಗಳ ಅಂತರರಾಷ್ಟ್ರೀಯ ಒಡಂಬಡಿಕೆಗೆ ಭಾರತ ಸೇರಿಕೊಂಡಿತು. ಅದರ 9ನೇ ವಿಧಿಯ 5ನೇ ಖಂಡ, ಅಕ್ರಮ ಬಂಧನಕ್ಕೆ ಒಳಗಾದವರಿಗೆ ಪರಿಹಾರ ಪಡೆಯುವ ಜಾರಿ ಮಾಡಬಹುದಾದ ಹಕ್ಕಿದೆ ಎನ್ನುತ್ತದೆ. ಭಾರತದ ಕಾನೂನಿನಲ್ಲಿ ಅಂಥ ಹಕ್ಕಿಲ್ಲ ಎಂದು ನಮ್ಮ ಸರ್ಕಾರ ಆ ಖಂಡಕ್ಕೆ ಅಸಮ್ಮತಿ ಬರೆದು ಕೊಟ್ಟಿತು. ಆಗ ವಿದೇಶಾಂಗ ಮಂತ್ರಿ ವಾಜಪೇಯಿಯವರು. ಸೆರೆವಾಸ ಕಂಡವರೇ ತುಂಬಿದ್ದ ಮಂತ್ರಿಮಂಡಲಕ್ಕೂ ಪರಿಹಾರ ಒಂದು ಹಕ್ಕು ಅನ್ನಿಸಿರಲಿಲ್ಲ. ಆ ಅಸಮ್ಮತಿಗೆ ಈಗ ಅರ್ಥವುಳಿದಿಲ್ಲ ಎಂದು ಡಿ.ಕೆ. ಬಸು ತೀರ್ಪು ಹೇಳಬೇಕಾಯಿತು. ಎಡಿಎಂ ಜಬಲ್ಪುರವನ್ನು ಸುಪ್ರೀಂ ಕೋರ್ಟ್ ಕಿತ್ತೊಗೆದದ್ದು 2017ರ ಆಗಸ್ಟ್ 24ರಂದು, ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ ಅವರ ಪ್ರಕರಣದಲ್ಲಿ.

ಕಾಗದವಿಲ್ಲದ ಸೆರೆಗೆ ಸುಲಭವಾಗಿ ದುಡ್ಡು ಸಿಗುತ್ತದೆ ಎಂದು ಇದರಿಂದ ತಿಳಿಯಬಾರದು. ವೀರಪ್ಪನ್ ಹುಡುಕಾಟದ ವರ್ಷಗಳಲ್ಲಿ ಮಲೆ ಮಹದೇಶ್ವರ ಬೆಟ್ಟದ ಸುತ್ತಿನ ಹಳ್ಳಿಗರನ್ನು ವಿಶೇಷ ಕಾರ್ಯಪಡೆಯವರು ಕರೆದೊಯ್ದು ಇಟ್ಟಿದ್ದರೆಂದು ದೂರಿದ ತಾಣವನ್ನು ಜನ ‘ವರ್ಕ್‌ಶಾಪ್’ ಎನ್ನುತ್ತಿದ್ದರು. ಅದರೊಳಗೆ ಬಂದವರ ಪಟ್ಟಿಯನ್ನು ಯಾರು ಬರೆದಿಟ್ಟಾರು? ರಾಷ್ಟ್ರೀಯ ಮಾನವ ಹಕ್ಕುಗಳ ಆಯೋಗ 1999ರಲ್ಲಿ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಎ.ಜೆ. ಸದಾಶಿವ ಅವರ ಸಮಿತಿ ನೇಮಿಸಿತು. ಸಮಿತಿ ಹಳ್ಳಿಗರ ಹೇಳಿಕೆ ಪಡೆದು ವರದಿ ಕೊಟ್ಟ ಮೇಲೆ, 2007ರ ಜನವರಿಯಲ್ಲಿ ಆಯೋಗ 89 ಮಂದಿಗೆ ಒಟ್ಟು 2.80 ಕೋಟಿ ರೂಪಾಯಿ ಶಿಫಾರಸು ಮಾಡಿತು. ಸಮಿತಿ ನೇಮಕವಾಗಿ ಎಂಟನೇ ವರ್ಷ ಅದು. ನ್ಯಾಯಾಲಯದ ಆದೇಶವೂ ಅಲ್ಲ, ಶಿಫಾರಸು. ಕಾಗದವಿದ್ದರೆ ಸೆರೆ ಸಕ್ರಮ, ಕಾಗದವಿಲ್ಲದಿದ್ದರೆ ಸೆರೆಯೇ ಆಗಿಲ್ಲ ಎಂಬ ಎರಡು ಗೋಡೆಗಳ ನಡುವಿನ ಸಂದಿಯಲ್ಲಿ ನುಸುಳಿ ಬಂದವರಿಗೆ ಮಾತ್ರ ಪರಿಹಾರ ಸಿಗುತ್ತದೆ.

ಕಾಗದವಿದ್ದ ಸೆರೆಗೆ ದುಡ್ಡು ಸಿಕ್ಕ ಉದಾಹರಣೆಗಳಿಲ್ಲವೇ? ಇವೆ, ಅವುಗಳಲ್ಲೊಂದು ಸಮಾನ ಅಂಶವಿದೆ. ಆರೋಪಿ ತಾನು ನಿರಪರಾಧಿಯೆಂದು ಸಾಬೀತು ಮಾಡಿದ್ದರಿಂದ ಅವು ಗೆದ್ದದ್ದಲ್ಲ. ಯಾರೂ ಅಲ್ಲಗಳೆಯಲಾಗದ ಮೂರನೆಯವರೊಬ್ಬರು ಬಂದು ಹೇಳಿದ್ದರಿಂದ. ಇಸ್ರೋ ವಿಜ್ಞಾನಿ ನಂಬಿ ನಾರಾಯಣನ್ ಅವರಿಗೆ 2018ರ ಸೆಪ್ಟೆಂಬರ್ 14ರಂದು ಸುಪ್ರೀಂ ಕೋರ್ಟ್ 50 ಲಕ್ಷ ಕೊಡಿಸಿತು. ಕಸ್ಟಡಿಯಲ್ಲಿದ್ದದ್ದು 50 ದಿನ. ಬೇಹುಗಾರಿಕೆಯ ಕತೆಯೇ ಸುಳ್ಳೆಂದು 1996ರಲ್ಲೇ ಸಿಬಿಐ ವರದಿ ಕೊಟ್ಟಿತ್ತು. ಸರ್ಕಾರದ ಒಂದು ಕೈ ಬರೆದದ್ದನ್ನು ಇನ್ನೊಂದು ಕೈ ಅಲ್ಲಗಳೆಯುವಂತಿರಲಿಲ್ಲ. ಅದೇ ಪ್ರಕರಣದಲ್ಲಿ ಸಿಲುಕಿ ಬೆಂಗಳೂರಿನಲ್ಲಿ ನೆಲೆಸಿದ್ದ, ರಷ್ಯಾದ ಗ್ಲಾವ್‌ಕಾಸ್ಮಾಸ್ ಸಂಸ್ಥೆಯ ಭಾರತದ ಪ್ರತಿನಿಧಿಯಾಗಿದ್ದ ಕೆ. ಚಂದ್ರಶೇಖರ್ ತೀರ್ಪು ಬಂದ ವಾರಾಂತ್ಯದಲ್ಲೇ ತೀರಿಕೊಂಡರು. ಅರ್ಜಿ ನಂಬಿಯವರದು, ಆದೇಶವೂ ಅವರಿಗೆ ಮಾತ್ರ. ಮೂಡಿಗೆರೆ ಮೂಲದ ವೈದ್ಯ ಮೊಹಮ್ಮದ್ ಹನೀಫ್ ಅವರನ್ನು ಆಸ್ಟ್ರೇಲಿಯಾದ ಪೊಲೀಸರು 2007ರ ಜುಲೈ 2ರಂದು ಬ್ರಿಸ್ಬೇನ್ ವಿಮಾನ ನಿಲ್ದಾಣದಲ್ಲಿ ಹಿಡಿದು, 12 ದಿನ ಆರೋಪವಿಲ್ಲದೆ ಇಟ್ಟುಕೊಂಡು, ಹೊರಿಸಿದ ಆರೋಪವನ್ನು ಅದೇ ತಿಂಗಳ 27ರಂದು ಹಿಂಪಡೆದರು. ಮರುವರ್ಷ ಕ್ಲಾರ್ಕ್ ವಿಚಾರಣಾ ವರದಿ ಬಂತು, 2010ರ ಡಿಸೆಂಬರ್‌ನಲ್ಲಿ ಆ ಸರ್ಕಾರ ರಾಜಿ ಮಾಡಿಕೊಂಡು ಪರಿಹಾರ ಕೊಟ್ಟಿತು. ಮೊತ್ತ ಬಹಿರಂಗವಾಗಲಿಲ್ಲ.

ಅಕ್ಷರಧಾಮ ಪ್ರಕರಣದವರಿಗೆ ಇಂಥ ಮೂರನೆಯವರಿರಲಿಲ್ಲ. 2014ರ ಮೇ 16ರಂದು ಸುಪ್ರೀಂ ಕೋರ್ಟ್ ಆರು ಮಂದಿಯನ್ನು ಖುಲಾಸೆ ಮಾಡಿತು. ಅವರಲ್ಲಿ ಹತ್ತು ವರ್ಷಕ್ಕೂ ಮೇಲ್ಪಟ್ಟು ಜೈಲು ಕಂಡವರಿದ್ದರು. ಪರಿಹಾರ ಕೇಳಿ ಬಂದಾಗ, 2016ರಲ್ಲಿ, ಇದು ಅಪಾಯದ ಮೇಲ್ಪಂಕ್ತಿಯಾದೀತು ಎಂದು ಪೀಠ ಒಪ್ಪಲಿಲ್ಲ. ಮಂಗಳೂರಿನಲ್ಲಿ ಪತ್ರಿಕೋದ್ಯಮ ಓದುತ್ತಿದ್ದ ಕುತ್ಲೂರಿನ ಮಲೆಕುಡಿಯ ಯುವಕನನ್ನು 2012ರಲ್ಲಿ ನಕ್ಸಲ್ ನಂಟಿನ ಆರೋಪದ ಮೇಲೆ ಬಂಧಿಸಿದ್ದರು. 2021ರ ಅಕ್ಟೋಬರ್‌ನಲ್ಲಿ ಖುಲಾಸೆಯಾಯಿತು. ಕೊಡಗಿನ ಕೂಲಿಕಾರರ ಅದೃಷ್ಟ, ಹಾಗೆನ್ನಬಹುದಾದರೆ, ‘ಸತ್ತ’ ಹೆಂಡತಿಯೇ ನ್ಯಾಯಾಲಯದಲ್ಲಿ ಎದುರು ನಿಂತದ್ದು.

ರಾಜಾಜಿನಗರ, ವಿಜಯನಗರ, ಬಸವೇಶ್ವರನಗರ, ಕೆಂಗೇರಿ ಕಡೆಯ ಸಾಮಾನ್ಯ ಮನುಷ್ಯನಿಗೆ ಇದರಲ್ಲಿ ಯಾವ ದಾರಿ ನಿಲುಕುತ್ತದೆ? ನಾಗರಿಕ ಸುರಕ್ಷಾ ಸಂಹಿತೆಯ 399ನೇ ಕಲಂ ಆಧಾರವಿಲ್ಲದ ಬಂಧನಕ್ಕೆ ಪರಿಹಾರ ಕೊಡಿಸುತ್ತದೆ: ಹೆಚ್ಚೆಂದರೆ 1,000 ರೂಪಾಯಿ. 1973ರ ಹಳೆಯ ಸಂಹಿತೆಯ 358ನೇ ಕಲಮಿನಲ್ಲಿ ಅದು 100 ಇತ್ತು, 2005ರ ತಿದ್ದುಪಡಿಯಲ್ಲಿ 1,000 ಆಯಿತು, 2023ರ ಹೊಸ ಸಂಹಿತೆಯೂ ಅದನ್ನೇ ಎತ್ತಿ ಬರೆದುಕೊಂಡಿತು. ಅದನ್ನು ಕೊಡಬೇಕಾದವರೂ ಪೊಲೀಸರಲ್ಲ, ಬಂಧಿಸುವಂತೆ ಮಾಡಿದ ದೂರುದಾರ. ಅಧಿಕಾರಿಯ ಮೇಲೆ ದಾವೆಯನ್ನೋ ಮೊಕದ್ದಮೆಯನ್ನೋ ಹೂಡೋಣವೆಂದರೆ 1963ರ ಕರ್ನಾಟಕ ಪೊಲೀಸ್ ಅಧಿನಿಯಮದ 170ನೇ ಕಲಂ ಸರ್ಕಾರದ ಪೂರ್ವಾನುಮತಿ ಕೇಳುತ್ತದೆ. ಅಧಿಕಾರ ಮೀರಿ ನಡೆದಿದ್ದರೂ ಕರ್ತವ್ಯದ ಜೊತೆ ನಂಟಿದ್ದರೆ ಈ ರಕ್ಷಣೆ ಸಿಗುತ್ತದೆಂದು 2020ರ ಡಿ. ದೇವರಾಜ, 2025ರ ಜಿ.ಸಿ. ಮಂಜುನಾಥ್ ತೀರ್ಪುಗಳು ಹೇಳಿವೆ. ಎರಡೂ ಬೆಂಗಳೂರು ಪೊಲೀಸರಿಗೆ ಸಂಬಂಧಿಸಿದವೇ. ರಾಜ್ಯ ಮಾನವ ಹಕ್ಕುಗಳ ಆಯೋಗಕ್ಕೆ ದೂರು ಕೊಡಲು ಶುಲ್ಕವಿಲ್ಲ, ಆದರೆ ಕೊನೆಗೆ ಬರುವುದು ಶಿಫಾರಸು. ಹಾಗಾಗಿ ಎಲ್ಲ ದಾರಿಯೂ 226ನೇ ವಿಧಿಯ ರಿಟ್ ಅರ್ಜಿಗೆ ಬಂದು ಸೇರುತ್ತದೆ. ಕೆಂಗೇರಿಯಲ್ಲಿ ನೇರಳೆ ಮಾರ್ಗದ ಮೆಟ್ರೊ ಹತ್ತಿದರೆ ಬದಲಾಯಿಸದೆ ವಿಧಾನಸೌಧ ನಿಲ್ದಾಣದಲ್ಲಿ ಹೈಕೋರ್ಟಿನ ಎದುರೇ ಇಳಿಯಬಹುದು. ದೂರದ ಮಾತೇ ಅಲ್ಲ. ಆದರೆ ರಿಟ್‌ನಲ್ಲಿ ಸಾಕ್ಷಿ ವಿಚಾರಣೆ ನಡೆಸುವ ರೂಢಿಯಿಲ್ಲ, ಸಂಗತಿಗಳು ನಿರ್ವಿವಾದವಾಗಿರಬೇಕು. ಪುನಃ ಕಾಗದ.

ಈ ಕಾರಣಕ್ಕೇ 2020ರ ಡಿಸೆಂಬರ್ 2ರ ಪರಮ್‌ವೀರ್ ಸಿಂಗ್ ಸೈನಿ ಆದೇಶಕ್ಕೆ ನಾನು ಹೆಚ್ಚಿನ ತೂಕ ಕೊಡುತ್ತೇನೆ. ಪ್ರತಿ ಠಾಣೆಯ ಒಳಬರುವ ಹೊರಹೋಗುವ ಬಾಗಿಲು, ಲಾಕಪ್, ವರಾಂಡ ಎಲ್ಲ ಕಡೆ ಸಿಸಿಟಿವಿ ಇರಬೇಕು, ದೃಶ್ಯಗಳನ್ನು 18 ತಿಂಗಳು, ಅನುಕೂಲವಿಲ್ಲದ ಕಡೆ ಕನಿಷ್ಠ ಒಂದು ವರ್ಷ ಉಳಿಸಬೇಕು ಎಂಬುದು ಅದರ ಸಾರ. ಶನಿವಾರ ರಾತ್ರಿ ಬಾಗಿಲು ದಾಟಿದವನ ಮೆಮೊದಲ್ಲಿ ಭಾನುವಾರ ಸಂಜೆಯ ವೇಳೆ ಬರೆದಿದ್ದರೆ, ಆ ದೃಶ್ಯವೇ ಮೂರನೆಯ ಸಾಕ್ಷಿ. ವಕೀಲರು ಜಾಮೀನಿಗೆ ಓಡುವ ಭರದಲ್ಲಿ ದೃಶ್ಯ ಕಾಯ್ದಿಡುವಂತೆ ಬರೆದು ಕೊಡುವುದನ್ನು ಮುಂದಕ್ಕೆ ಹಾಕಿದರೆ, ಪರಿಹಾರದ ಅರ್ಜಿ ಸಿದ್ಧವಾಗುವ ಹೊತ್ತಿಗೆ ಅದು ಅಳಿಸಿಹೋಗಿರುತ್ತದೆ.

ಯಾರ ಜೇಬಿನಿಂದ ಎಂಬ ಪ್ರಶ್ನೆಯೂ ಇದೆ. ಬೆಳ್ತಂಗಡಿ ಪ್ರಕರಣದಲ್ಲಿ ತಪ್ಪಿತಸ್ಥರೆಂದು ಕಂಡುಬಂದ ಸಿಬ್ಬಂದಿಯ ಸಂಬಳದಿಂದ ವಸೂಲಿ ಎಂಬ ದಾರಿ ಹಿಡಿದರು. ಸೂರಜ್ ಗೋವಿಂದರಾಜ್ ಅವರ ಎರಡೂ ಆದೇಶಗಳಲ್ಲಿ ಮೊದಲು ಸರ್ಕಾರ ಕೊಡಬೇಕು, ಬೇಕಿದ್ದರೆ ಆಮೇಲೆ ಅಧಿಕಾರಿಯಿಂದ ವಸೂಲಿ ಮಾಡಿಕೊಳ್ಳಲಿ. ನನಗೆ ಎರಡನೆಯದೇ ಸರಿ ಕಾಣುತ್ತದೆ. ಇಲಾಖಾ ವಿಚಾರಣೆ ಮುಗಿಯುವ ತನಕ ಸೆರೆ ಅನುಭವಿಸಿದವನು ಕಾಯಬೇಕಾದ್ದಿಲ್ಲ.

ಕಾಗದದ ಆಸರೆ ಇತ್ತೀಚೆಗೆ ಸ್ವಲ್ಪ ಸಡಿಲಾಗಿರುವುದು ನಿಜ. 2023ರ ಪಂಕಜ್ ಬನ್ಸಲ್, 2024ರ ಪ್ರಬೀರ್ ಪುರಕಾಯಸ್ಥ, 2025ರ ಫೆಬ್ರವರಿಯ ವಿಹಾನ್ ಕುಮಾರ್ ತೀರ್ಪುಗಳು, ಬಂಧನದ ಕಾರಣವನ್ನು ತಿಳಿಸದಿದ್ದರೆ ಬಂಧನವೇ ಊರ್ಜಿತವಲ್ಲ, ಆಮೇಲಿನ ರಿಮ್ಯಾಂಡ್ ಆ ದೋಷವನ್ನು ಮುಚ್ಚಲಾರದು ಎಂದಿವೆ. ಮೂರರಲ್ಲೂ ಸಿಕ್ಕಿದ್ದು ಬಿಡುಗಡೆ, ದುಡ್ಡಲ್ಲ. ರಿಮ್ಯಾಂಡ್ ಬಿದ್ದುಹೋದ ಮೇಲೆ ಆ ದಿನಗಳು ಅಕ್ರಮವೆಂದೇ ಆಯಿತಲ್ಲ, ಅವುಗಳ ಲೆಕ್ಕ ಎಲ್ಲಿ ಎಂದು ಕೇಳುವ ಅರ್ಜಿಗೆ ಈಗ ನೆಲೆಯಿದೆ.

ಆದರೆ ಅದೂ ದೋಷ ಹುಡುಕುವ ದಾರಿಯೇ. ದೆಹಲಿ ಹೈಕೋರ್ಟಿನ ಬಬ್ಲೂ ಚೌಹಾಣ್ ಪ್ರಕರಣದ ಕೋರಿಕೆಯ ಮೇರೆಗೆ ಕಾನೂನು ಆಯೋಗ 2018ರ ಆಗಸ್ಟ್‌ನಲ್ಲಿ ಕೊಟ್ಟ 277ನೇ ವರದಿ ವಿಶೇಷ ನ್ಯಾಯಾಲಯಗಳನ್ನೂ ಶಾಸನಬದ್ಧ ಪರಿಹಾರವನ್ನೂ ಸೂಚಿಸಿತು. ಪೊಲೀಸರದೋ ಅಭಿಯೋಜಕರದೋ ದುರುದ್ದೇಶ, ಇಲ್ಲವೇ ಪ್ರಾಮಾಣಿಕತೆಯ ಕೊರತೆ ಸಾಬೀತಾದರೆ ಮಾತ್ರ ಎಂಬ ಷರತ್ತನ್ನೂ ಇಟ್ಟಿತು. ಜರ್ಮನಿಯಲ್ಲಿ ಖುಲಾಸೆಯಾದವನ ಸೆರೆಯ ಪ್ರತಿ ದಿನಕ್ಕೆ 75 ಯೂರೊ ಎಂದು ಕಾನೂನೇ ಗೊತ್ತುಮಾಡಿದೆ. 2020ಕ್ಕೆ ಮೊದಲು 25 ಇತ್ತು. ಜಪಾನಿನಲ್ಲಿ ದಿನಕ್ಕೆ 1,000ದಿಂದ 12,500 ಯೆನ್. ಎರಡು ಕಡೆಯೂ ಆದಾಯದ ನಷ್ಟಕ್ಕೋ ಮಾನಹಾನಿಗೋ ಬೇರೆ ದಾವೆ ಹೂಡುವ ಬಾಗಿಲು ಮುಚ್ಚಿಲ್ಲ. ದಿನದ ಲೆಕ್ಕಕ್ಕೆ ಮಾತ್ರ ಯಾರ ಕೆಟ್ಟತನವನ್ನೂ ತೋರಿಸಬೇಕಾಗಿಲ್ಲ. ಕರ್ನಾಟಕ ಸರ್ಕಾರ ಮನಸ್ಸು ಮಾಡಿದರೆ ಉದ್ಯೋಗ ಖಾತರಿಯ ಕೂಲಿಯನ್ನೇ ತಳಮಟ್ಟವಾಗಿಟ್ಟು ಇಂಥದೊಂದು ದಿನದ ದರವನ್ನು ನಾಳೆಯೇ ಗೊತ್ತುಪಡಿಸಬಹುದು. ಆ ದರದಲ್ಲೂ ಕೊಡಗಿನವರಿಗೆ ಈಗ ಘೋಷಿಸಿದ್ದರ ಎರಡರಷ್ಟು, ಅಂದರೆ 2 ಲಕ್ಷ ರೂಪಾಯಿಯ ಆಸುಪಾಸು ಬರುತ್ತದೆ.